ಗಿಟಾರ್ ಯಾರ ಪರವಾಗಿ ಅಳುತ್ತದೆ?

ಕಳೆದ ಬೇಸಿಗೆ ರಜೆಗೆ ಮಗಳು ಬೆಂಗಳೂರಿನಿಂದ ಬರುವಾಗ ತನ್ನ ಲ್ಯಾಪ್‌ಟಾಪಿನಲ್ಲಿ ಎರಡು ಇಂಗ್ಲಿಷ್ ಸಿನಿಮಾ ತುಂಬಿಕೊಂಡು ಬಂದಿದ್ದಳು. "ಅಮ್ಮಾ, ನಿಂಗೆ ಗಿಟಾರ್ ಇಷ್ಟ ಅಲ್ವಾ, ಇವನ್ನ ನೋಡು" ಅಂದಳು. ಅವಳು ಹೇಳಿದ್ದು ಅರ್ಧ ಸತ್ಯ. ನನಗೆ ಇಷ್ಟವಾಗಿದ್ದು ಚಿಕ್ಕಂದಿನಲ್ಲಿ ಭದ್ರಾವತಿ ಆಕಾಶವಾಣಿಯಲ್ಲಿ ಒಂದು ಕಾರ್ಯಕ್ರಮ ಮುಗಿದು ಇನ್ನೊಂದು ಶುರುವಾಗುವ ನಡುವೆ ಬರುತ್ತಿದ್ದ ಎರಡು ಮೂರು ನಿಮಿಷದ ವಾದ್ಯಸಂಗೀತ. ಹಳೆಯ ಹಿಂದಿ ಸಿನಿಮಾದ ಹಾಡು, ಆದರೆ ಹಾಡುವವರಿಲ್ಲ. ತಂತಿಯೇ ಹಾಡುತ್ತಿತ್ತು, ಅಥವಾ ಅಳುತ್ತಿತ್ತು. ಅದು ಹವಾಯಿಯನ್ ಗಿಟಾರ್ ಎಂದು ಗೊತ್ತಾಗಿದ್ದು ಬಿ.ಎ. ಓದುವಾಗ.

ಈ ಗಿಟಾರನ್ನು ತೊಡೆಯ ಮೇಲೆ ಮಲಗಿಸಿಕೊಂಡು, ಎಡಗೈಯಲ್ಲಿ ಉಕ್ಕಿನ ತುಂಡೊಂದನ್ನು ಹಿಡಿದು ತಂತಿಯ ಮೇಲೆ ಜಾರಿಸುತ್ತಾರೆ. ಕೆಲವರು ಸೀಸೆಯ ಕತ್ತನ್ನು ಬೆರಳಿಗೆ ತೊಟ್ಟು ಜಾರಿಸುವುದೂ ಉಂಟು. ನಮ್ಮ ಗೋಟುವಾದ್ಯದ ಹಾಗೆಯೇ. ಸ್ವರದಿಂದ ಸ್ವರಕ್ಕೆ ಹಾರುವುದಿಲ್ಲ, ಜಾರುತ್ತದೆ. ಮನುಷ್ಯ ಬಿಕ್ಕುವುದೂ ಹೀಗೆಯೇ ಅಲ್ಲವೇ? ಹವಾಯಿ ದ್ವೀಪದ ಜೋಸೆಫ್ ಕೆಕುಕು ಎಂಬ ಹುಡುಗ ಹತ್ತೊಂಬತ್ತನೆಯ ಶತಮಾನದ ಕೊನೆಯಲ್ಲಿ ಈ ಕ್ರಮವನ್ನು ರೂಢಿಗೆ ತಂದನೆಂದು ಹೇಳುತ್ತಾರೆ. ಮುಂದೆ ಅಮೆರಿಕದಲ್ಲಿ ಇದು ಬಹಳ ಜನಪ್ರಿಯವಾಯಿತು. ಆದರೆ ದೊಡ್ಡ ಮೇಳದ ನಡುವೆ ಇದರ ದನಿ ಕೇಳುತ್ತಿರಲಿಲ್ಲ. ಕರೆಂಟಿನ ಗಿಟಾರ್ ಇನ್ನೂ ಬಂದಿರದ ಕಾಲ. 1927ರ ಸುಮಾರಿಗೆ ಜಾನ್ ಡೋಪ್ಯೇರಾ ಎಂಬಾತ ಗಿಟಾರಿನ ಹೊಟ್ಟೆಯೊಳಗೆ ತೆಳು ಅಲ್ಯೂಮಿನಿಯಮ್ಮಿನ ಶಂಕುಗಳನ್ನು ಕೂರಿಸಿದ. ಲೌಡ್‌ಸ್ಪೀಕರಿನೊಳಗೆ ಕಾಗದದ ಶಂಕು ಇರುತ್ತದಲ್ಲ, ಹಾಗೆ. ಅದೇ ರೆಸೊನೇಟರ್ ಗಿಟಾರ್. ಮರುವರ್ಷ ಅವನು ಅಣ್ಣತಮ್ಮಂದಿರ ಜೊತೆ ಸೇರಿ ಮಾಡಿದ ಇನ್ನೊಂದು ಬಗೆಗೆ 'ಡೊಬ್ರೊ' ಎಂದು ಹೆಸರಿಟ್ಟರು. ಡೋಪ್ಯೇರಾ ಬ್ರದರ್ಸ್ ಎಂಬುದರ ಮೊದಲ ಅಕ್ಷರಗಳು ಸೇರಿ ಆದ ಹೆಸರು. ಅವರ ಸ್ಲೋವಾಕ್ ಭಾಷೆಯಲ್ಲಿ ಆ ಮಾತಿಗೆ 'ಒಳ್ಳೆಯದು' ಎಂದೂ ಅರ್ಥ.

ಮಗಳು ಮೊದಲು ಹಾಕಿದ್ದು 'ಪ್ಯಾರಿಸ್, ಟೆಕ್ಸಾಸ್'. ಜರ್ಮನಿಯ ವಿಮ್ ವೆಂಡರ್ಸ್ ನಿರ್ದೇಶಿಸಿದ ಇದಕ್ಕೆ 1984ರಲ್ಲಿ ಕಾನ್ ಚಿತ್ರೋತ್ಸವದ ಅತ್ಯುನ್ನತ ಪ್ರಶಸ್ತಿ ಬಂತು. ಸಂಗೀತ ರೈ ಕೂಡರ್ ಅವರದು. ಮುಂದೆ ನಮ್ಮ ವಿಶ್ವಮೋಹನ ಭಟ್ಟರ ಜೊತೆ ನುಡಿಸಿ, 1994ರಲ್ಲಿ ಇಬ್ಬರೂ ಗ್ರ್ಯಾಮಿ ಪಡೆದರಲ್ಲ, ಅವರೇ.

ಸಿನಿಮಾ ಶುರುವಾದಾಗ ಕಾಣುವುದು ಬರೀ ಮರುಭೂಮಿ. ಕೆಂಪು ಟೋಪಿ ಹಾಕಿಕೊಂಡ ಒಬ್ಬ ಗಂಡಸು ಒಬ್ಬನೇ ನಡೆದು ಬರುತ್ತಾನೆ. ಕ್ಯಾನಿನ ಕೊನೆಯ ನೀರು ಕುಡಿದು ಮತ್ತೆ ನಡೆಯುತ್ತಾನೆ. ಆ ಹೊತ್ತಿಗೆ ಕೂಡರ್ ತಂತಿಯ ಮೇಲೆ ಜಾರಿಸುವ ನಾಲ್ಕಾರು ಸ್ವರಗಳಿವೆಯಲ್ಲ, ಅವು ನಮ್ಮ ಕರುಳಿಗೇ ಕೈಹಾಕುತ್ತವೆ. ಇವನು ಯಾರು, ಏನು ಮಾಡಿ ಬಂದವನು ಎಂದು ತಿಳಿಯುವ ಮೊದಲೇ 'ಅಯ್ಯೋ ಪಾಪ' ಎಂದುಬಿಡುತ್ತೇವೆ. ನಾನೂ ಅಂದೆ. ಕಣ್ಣೊರೆಸಿಕೊಂಡೆ.

ಪಕ್ಕದಲ್ಲಿ ನಮ್ಮಮ್ಮ ಕೂತಿದ್ದರು. ಎಂಬತ್ತು ದಾಟಿದೆ. ಇಂಗ್ಲಿಷ್ ಬರುವುದಿಲ್ಲ. "ಇದು ನಮ್ಮ ರೇಡಿಯೋದಲ್ಲಿ ಬರ್ತಿತ್ತಲ್ಲ, ಅದೇ ಅಲ್ವೇನೇ?" ಎಂದು ಕೇಳಿದರು. ನಾನು ಕತೆಯನ್ನು ಬಿಡಿಸಿ ಹೇಳುತ್ತಾ ಹೋದೆ. ಟ್ರಾವಿಸ್ ಎಂಬ ಇವನು ನಾಲ್ಕು ವರ್ಷ ನಾಪತ್ತೆಯಾಗಿದ್ದವನು. ಹೆಂಡತಿ ಜೇನ್ ಎಲ್ಲಿಗೋ ಹೋಗಿದ್ದಾಳೆ. ಮಗನನ್ನು ತಮ್ಮ ವಾಲ್ಟ್, ತಮ್ಮನ ಹೆಂಡತಿ ಆನ್ ಸಾಕಿದ್ದಾರೆ. ಈಗ ಇವನು ಬಂದು ಮಗನನ್ನು ಒಲಿಸಿಕೊಂಡು, ಅವನ ತಾಯಿಯನ್ನು ಹುಡುಕಲು ಹೊರಡುತ್ತಾನೆ. ಹುಡುಕಿ, ಮಗನನ್ನು ತಾಯಿಯ ಬಳಿ ಸೇರಿಸಿ, ತಾನು ಮತ್ತೆ ಒಬ್ಬನೇ ಹೊರಟುಹೋಗುತ್ತಾನೆ. ಮತ್ತೆ ಗಿಟಾರ್.

ಮುಗಿದ ಮೇಲೆ ಅಮ್ಮ ಒಂದೇ ಪ್ರಶ್ನೆ ಕೇಳಿದರು. "ಆ ಹುಡುಗನ್ನ ನಾಲ್ಕು ವರ್ಷ ಸಾಕಿದೋಳು ಏನಾದಳು?"

ನನ್ನ ಬಳಿ ಉತ್ತರವಿರಲಿಲ್ಲ, ಏಕೆಂದರೆ ಸಿನಿಮಾದ ಬಳಿಯೇ ಇರಲಿಲ್ಲ. ಮಗು ಕೈಬಿಟ್ಟು ಹೋಗುತ್ತದೆಂದು ಆನ್ ಅಳುತ್ತಾಳೆ, ಹುಡುಗ ದಾರಿಯಿಂದ ಒಮ್ಮೆ ಅವಳಿಗೆ ಫೋನ್ ಮಾಡುತ್ತಾನೆ. ಆಮೇಲೆ ಕ್ಯಾಮೆರಾ ಆ ಮನೆಯ ಕಡೆ ತಿರುಗಿಯೂ ನೋಡುವುದಿಲ್ಲ. ಹೊರಟವನಿಗೆ ಅಷ್ಟು ಸೊಗಸಾದ ಗಿಟಾರ್ ಕೊಟ್ಟವರಿಗೆ ಉಳಿದವಳ ನೆನಪೇ ಆಗಲಿಲ್ಲವೇ?

ಅಮ್ಮ ಸುಮ್ಮನೆ ಕೇಳಿದ್ದಲ್ಲ. ನಾನು ಮೂರನೇ ಕ್ಲಾಸಿನಲ್ಲಿದ್ದಾಗ ಅಪ್ಪ ಹೇಳದೆ ಕೇಳದೆ ಮನೆ ಬಿಟ್ಟು ಹೋಗಿದ್ದರು. ಅಮ್ಮ ನಮಗೆ "ಬೊಂಬಾಯಿಗೆ ಕೆಲಸಕ್ಕೆ ಹೋಗಿದಾರೆ" ಎಂದು ಹೇಳಿ, ಹಗಲಿಡೀ ರವಿಕೆ ಹೊಲಿದು, ರಾತ್ರಿ ದೀಪದ ಬುಡದಲ್ಲಿ ಗುಂಡಿ ಕಾಜ ಮಾಡಿ ನಮ್ಮನ್ನು ಸಾಕಿದರು. ಹೊಲಿಗೆ ಮಿಷನ್ನಿನ ಪಕ್ಕದಲ್ಲೇ ಆ ರೇಡಿಯೋ ಇತ್ತು. ಮೂರು ವರ್ಷದ ಮೇಲೆ ಅಪ್ಪ ಬಂದರು. ಗಡ್ಡ ಬಿಟ್ಟು ಸೊರಗಿಹೋಗಿದ್ದರು. ಬೀದಿಯೆಲ್ಲ ನಮ್ಮ ಜಗಲಿಯಲ್ಲಿ ನೆರೆದು "ಪಾಪ, ಎಷ್ಟು ಕಷ್ಟಪಟ್ಟಿದ್ದಾರೋ" ಎಂದು ಲೊಚಗುಟ್ಟಿತು. ಅಮ್ಮ ಕೈಕಾಲಿಗೆ ನೀರು ಕೊಟ್ಟು, ಎಲೆ ಹಾಕಿ ಬಡಿಸಿದರು. ಅಮ್ಮನನ್ನು ಯಾರೂ ಏನೂ ಕೇಳಲಿಲ್ಲ. ನಾನೂ ಕೇಳಲಿಲ್ಲ. ಆ ದಿನ ಬೀದಿಯವರು ಮಾಡಿದ ಕೆಲಸವನ್ನೇ ಸಿನಿಮಾದಲ್ಲಿ ಗಿಟಾರ್ ಮಾಡುತ್ತದೆ ಎಂದು ನನಗೀಗ ಅನ್ನಿಸುತ್ತದೆ. ಬಂದವನ ಮೈ ನೋಡಿ ಮರುಗುತ್ತದೆ, ಮನೆಯ ಲೆಕ್ಕ ಕೇಳುವುದಿಲ್ಲ.

ಹಾಗೆಂದು ಈ ಸಿನಿಮಾವನ್ನು ಬೈದು ಪಕ್ಕಕ್ಕಿಡಲೂ ಆಗುವುದಿಲ್ಲ. ಅದರಲ್ಲಿ ಒಂದು ದೊಡ್ಡ ಪ್ರಾಮಾಣಿಕತೆಯಿದೆ. ಕೊನೆಯ ಭಾಗದಲ್ಲಿ ಜೇನ್ ಕೆಲಸ ಮಾಡುವ ಕಡೆ ಒಂದು ಗಾಜಿನ ಗೋಡೆ. ಅವನಿಗೆ ಅವಳು ಕಾಣುತ್ತಾಳೆ, ಅವಳಿಗೆ ಅವನು ಕಾಣುವುದಿಲ್ಲ. ಫೋನಿನಲ್ಲಿ ಅವನು ಬೇರೆ ಯಾರದೋ ಕತೆಯೆಂಬಂತೆ ತನ್ನ ಕತೆ ಹೇಳುತ್ತಾನೆ. ಹೆಂಡತಿಯ ಮೇಲೆ ಅನುಮಾನಪಟ್ಟದ್ದು, ರಾತ್ರಿ ಎದ್ದುಹೋದರೆ ಗೊತ್ತಾಗಲೆಂದು ಅವಳ ಕಾಲಿಗೆ ದನದ ಗಂಟೆ ಕಟ್ಟಿದ್ದು, ಕೊನೆಗೆ ಒಲೆಗೆ ಕಟ್ಟಿಹಾಕಿದ್ದು, ಎಲ್ಲವನ್ನೂ. ಇದನ್ನು ಗಿಟಾರ್ ಹೇಳಲಾರದು. ತಪ್ಪನ್ನು ಬಾಯಿಬಿಟ್ಟೇ ಒಪ್ಪಬೇಕು. ವೆಂಡರ್ಸ್‌ಗೆ ಇದು ಗೊತ್ತಿದೆ.

ಆದರೂ ಒಂದು ಮಾತು ಉಳಿಯುತ್ತದೆ. ಅವನ ದುಃಖದ ಸದ್ದು ಗಿಟಾರ್. ಅವಳ ದುಃಖದ ಸದ್ದು ಆ ಗಂಟೆ. ಗಿಟಾರನ್ನು ಸಿನಿಮಾ ಉದ್ದಕ್ಕೂ ಕೇಳುತ್ತೇವೆ. ಗಂಟೆಯ ಸದ್ದನ್ನು ಒಮ್ಮೆಯೂ ಕೇಳುವುದಿಲ್ಲ; ಅದು ಇತ್ತೆಂಬುದನ್ನೂ ಅವನ ಬಾಯಿಂದಲೇ ತಿಳಿಯಬೇಕು.

ಎರಡನೆಯದು ಕೋಯನ್ ಸೋದರರ 'ಓ ಬ್ರದರ್, ವೇರ್ ಆರ್ಟ್ ದೌ?' 2000ದಲ್ಲಿ ಬಂದದ್ದು. ಹೋಮರನ ಕತೆಯನ್ನು 1937ರ ಮಿಸಿಸಿಪ್ಪಿಗೆ ತಂದು ಕೂರಿಸಿದ್ದಾರೆ. ಜೈಲಿನಿಂದ ತಪ್ಪಿಸಿಕೊಂಡ ಮೂವರು ಹೊಟ್ಟೆಪಾಡಿಗೆ ಒಂದು ಹಾಡು ಹಾಡುತ್ತಾರೆ. ತಾನು ಮಹಾ ದುಃಖಿ ಎಂದು ಹೇಳಿಕೊಳ್ಳುವ ಗಂಡಸಿನ ಹಾಡು. ಇಲ್ಲಿ ನುಡಿಯುವುದು ಅಪ್ಪಟ ಡೊಬ್ರೊ, ನುಡಿಸಿದವರು ಜೆರ್ರಿ ಡಗ್ಲಸ್. ಆದರೆ ಈ ಡೊಬ್ರೊ ಅಳುವುದಿಲ್ಲ, ಕುಣಿಯುತ್ತದೆ. ದುಃಖದ ಹಾಡಿಗೆ ಜನ ಚಪ್ಪಾಳೆ ತಟ್ಟಿ ಹೆಜ್ಜೆ ಹಾಕುತ್ತಾರೆ. ಗಂಡಸಿನ ಆತ್ಮಮರುಕವನ್ನು ಸಂಗೀತವೇ ನಗೆಯಾಡುವ ಈ ಜಾಣತನ ನನಗೆ ಹಿಡಿಸಿತು. ನಾಯಕ ಊರಿಗೆ ಬಂದರೆ ಹೆಂಡತಿ ಪೆನ್ನಿ ಹೆಣ್ಣುಮಕ್ಕಳಿಗೆ 'ನಿಮ್ಮಪ್ಪ ರೈಲಿಗೆ ಸಿಕ್ಕಿ ಸತ್ತ' ಎಂದು ಹೇಳಿಟ್ಟಿದ್ದಾಳೆ, ಬೇರೆ ಮದುವೆಗೂ ಸಿದ್ಧಳಾಗಿದ್ದಾಳೆ. ಮಕ್ಕಳಿಗೆ ಏನಾದರೊಂದು ಹೇಳಬೇಕಲ್ಲ! ಅಮ್ಮ ಬಾಯಿಗೆ ಸೆರಗು ಒತ್ತಿಕೊಂಡು ನಕ್ಕರು. "ನಾನು ಬರೀ ಬೊಂಬಾಯಿ ಅಂದೆ" ಎಂದರು. ಆ ಮೂರು ವರ್ಷದ ಬಗ್ಗೆ ಅಮ್ಮ ನನ್ನೆದುರು ಹೇಳಿದ ಮೊದಲ ಮಾತು ಅದು.

ಈ ವಾದ್ಯ ಹುಟ್ಟಾ ಒಂಟಿಯೇನಲ್ಲ. ಕೂಡರ್ ತಮ್ಮ ಸಂಗೀತವನ್ನು ಕಟ್ಟಿದ್ದು ಟೆಕ್ಸಾಸಿನ ಕುರುಡ ಗಾಯಕ ಬ್ಲೈಂಡ್ ವಿಲ್ಲಿ ಜಾನ್ಸನ್ 1927ರಲ್ಲಿ ಮುದ್ರಿಸಿದ ಒಂದು ನುಡಿಕೆಯ ಮೇಲೆ. 1977ರಲ್ಲಿ ವಾಯೇಜರ್ ನೌಕೆಗಳು ಆಕಾಶಕ್ಕೆ ಹೊತ್ತೊಯ್ದ ತಟ್ಟೆಯಲ್ಲಿ ಅದೂ ಇದೆ. ಅದರಲ್ಲಿ ಮಾತಿಲ್ಲ, ಬರೀ ಗುನುಗು. ಗುನುಗಿಗೆ ಗಿಟಾರ್ ಓಗೊಡುತ್ತದೆ, ಗಿಟಾರಿಗೆ ಗುನುಗು. ಅವನ ಬೇರೆ ಕೆಲವು ಮುದ್ರಿಕೆಗಳಲ್ಲಿ ಜೊತೆಗೆ ಒಬ್ಬ ಹೆಂಗಸು ಹಾಡುತ್ತಾಳೆ, ವಿಲ್ಲಿ ಬಿ. ಹ್ಯಾರಿಸ್ ಎಂದು ಹೆಸರು. 1940ರ ದಶಕದಲ್ಲಿ ಕಲ್ಕತ್ತೆಯಲ್ಲಿ ನೆಲೆಸಿ, ನಮ್ಮ ದೇಶದಲ್ಲಿ ಈ ವಾದ್ಯ ಬೇರೂರಲು ನೆರವಾದ ಟೌ ಮೋ ಹವಾಯಿ ಕಡೆಯವರು. ಅವರು ನುಡಿಸಿದರೆ ಹೆಂಡತಿ ರೋಸ್ ಹಾಡುತ್ತಿದ್ದರು, ಮಕ್ಕಳೂ ವೇದಿಕೆ ಹತ್ತುತ್ತಿದ್ದರು. ಅಲ್ಲೆಲ್ಲ ಇನ್ನೊಂದು ದನಿಗೆ ಜಾಗವಿತ್ತು. ಟ್ರಾವಿಸನ ಮರುಭೂಮಿಗೆ ಬರುವಾಗ ದನಿಗಳೆಲ್ಲ ಬಿದ್ದುಹೋಗಿ ತಂತಿಯೊಂದೇ ಉಳಿಯಿತು.

ಆ ಸಂಗೀತವನ್ನು ಈಗಲೂ ಮತ್ತೆ ಮತ್ತೆ ಹಾಕಿಸಿಕೊಂಡು ಕೇಳುತ್ತೇನೆ. ಕಣ್ಣು ಈಗಲೂ ತುಂಬುತ್ತದೆ. ಆದರೆ ಯಾರಿಗಾಗಿ ಎಂದು ಒಂದು ಕ್ಷಣ ನಿಂತು ಕೇಳಿಕೊಳ್ಳುವುದನ್ನು ಅಮ್ಮನಿಂದ ಕಲಿತಿದ್ದೇನೆ.

ಮೊನ್ನೆ ಸಂಜೆ ಧೈರ್ಯ ಮಾಡಿ ಅಮ್ಮನನ್ನು ಕೇಳಿದೆ, "ಆ ಮೂರು ವರ್ಷ ಹೇಗಿತ್ತಮ್ಮಾ?" ಅಮ್ಮ ಬಿಡಿಸುತ್ತಿದ್ದ ಅವರೆಕಾಯಿಯ ಮೊರವನ್ನು ಪಕ್ಕಕ್ಕೆ ಸರಿಸಿದರು. "ಕೂತ್ಕೋ, ಹೇಳ್ತೀನಿ" ಅಂದರು.