ಉರಿಯ ಚಿತ್ರ, ಮರೆಯಾದ ಕಾರಣ

ಸಮೂಹ ಮಾಧ್ಯಮಗಳು ನಮ್ಮ ಅಭಿಪ್ರಾಯವನ್ನು ನೇರವಾಗಿ ಬರೆಯುವುದಕ್ಕಿಂತ, ನಾವು ಯಾವುದರ ಬಗ್ಗೆ ಯೋಚಿಸಬೇಕೆಂಬುದನ್ನು ಹೆಚ್ಚಾಗಿ ನಿರ್ಧರಿಸುತ್ತವೆ. ಅಮೆರಿಕದ ಮ್ಯಾಕ್ಸ್‌ವೆಲ್ ಮೆಕೂಂಬ್ಸ್ ಮತ್ತು ಡೊನಾಲ್ಡ್ ಶಾ ಎಂಬ ವಿದ್ವಾಂಸರು 1968ರ ಚುನಾವಣೆಯ ಮತದಾರರನ್ನು ಅಭ್ಯಸಿಸಿ, 1972ರಲ್ಲಿ ಈ ವಿಚಾರವನ್ನು ಮಂಡಿಸಿದರು. ಅದರ ಸತ್ಯವನ್ನು ಮನಗಾಣಲು ನಾವು ದೂರ ಹೋಗಬೇಕಾಗಿಲ್ಲ. ನಮ್ಮ ಹಾವೇರಿ ಜಿಲ್ಲೆಯೇ ಸಾಕು.

2008ರ ಜೂನ್ 10ರಂದು ಹಾವೇರಿಯಲ್ಲಿ ರಸಗೊಬ್ಬರಕ್ಕಾಗಿ ನೆರೆದಿದ್ದ ರೈತರ ಮೇಲೆ ಗೋಲಿಬಾರ್ ನಡೆದು ಇಬ್ಬರು ಪ್ರಾಣ ಕಳೆದುಕೊಂಡರು. ಗುಂಡು ಹಾರಿದ ದಿನ ಹಾವೇರಿ ದೇಶಕ್ಕೆಲ್ಲ ಸುದ್ದಿಯಾಯಿತು. ಬಿತ್ತನೆಯ ಹೊತ್ತಿನಲ್ಲಿ ಗೊಬ್ಬರವಿಲ್ಲದೆ ರೈತರು ಪರದಾಡಿದ ದಿನಗಳಿಗೆ ಆ ಮಹತ್ವ ದೊರೆಯಲಿಲ್ಲ.

2024ರ ಮಾರ್ಚ್ 11, ಸೋಮವಾರ. ಬ್ಯಾಡಗಿಯ ಮಾರುಕಟ್ಟೆಯಲ್ಲಿ ಮೆಣಸಿನಕಾಯಿ ದರ ಕುಸಿಯಿತೆಂದು ರೊಚ್ಚಿಗೆದ್ದ ರೈತರು ಕೃಷಿ ಉತ್ಪನ್ನ ಮಾರುಕಟ್ಟೆ ಸಮಿತಿಯ ಕಚೇರಿಗೆ ನುಗ್ಗಿದರು. ವಾಹನಗಳು ಬೆಂಕಿಗೆ ಆಹುತಿಯಾದವು. ಆ ಹಿಂಸೆಯನ್ನು ಯಾರೂ ಸಮರ್ಥಿಸಲಾರರು. ದೂರದರ್ಶನದ ಪರದೆಗಳಲ್ಲಿ ಉರಿ ಮತ್ತೆ ಮತ್ತೆ ಕಾಣಿಸಿತು. ದರಕುಸಿತದ ಮಾತೂ ಬಂದಿತು, ಆದರೆ ಉರಿಯ ಚಿತ್ರಕ್ಕೆ ಅಡಿಬರಹವಾಗಿ. ಟೆಂಡರಿನಲ್ಲಿ ದರ ಗೊತ್ತಾಗುವ ಬಗೆ ಹೇಗೆ? ಕಾಯಿಯ ತೇವಾಂಶಕ್ಕೂ ಬೆಲೆಗೂ ಇರುವ ನಂಟೇನು? ಊರ ಸುತ್ತ ಶೀತಲಗೃಹಗಳಿದ್ದರೂ ಸಾಲಗಾರ ರೈತ ಒಳ್ಳೆಯ ಬೆಲೆಗಾಗಿ ಕಾಯಲಾರನೇಕೆ? 2011ರಲ್ಲಿ ಭೌಗೋಳಿಕ ಸೂಚಿಕೆಯ ಮಾನ್ಯತೆ ಪಡೆದ ಬೆಳೆಯ ಒಡೆಯನೇ ಏಕೆ ಅಸಹಾಯಕ? ಇಂಥ ಪ್ರಶ್ನೆಗಳಿಗೆ ದೃಶ್ಯವಿಲ್ಲ. ದೃಶ್ಯವಿಲ್ಲದ್ದಕ್ಕೆ ಸಮಯವೂ ಇಲ್ಲ. ಹೀಗಾಗಿ ನೋಡುಗರ ಮನದಲ್ಲಿ ಉಳಿದದ್ದು ಬೆಂಕಿ ಹಚ್ಚಿದವರಾರು ಎಂಬ ಒಂದೇ ಪ್ರಶ್ನೆ.

ಕಾರಣ ಮರೆಯಾಗುವುದು ಒಂದು ದೋಷವಾದರೆ, ಬೇರೊಂದು ಕಾರಣವನ್ನು ತಂದಿಡುವುದು ಅದಕ್ಕಿಂತ ಘೋರ. 2024ರ ನವೆಂಬರಿನಲ್ಲಿ, ಜಿಲ್ಲೆಯ ರೈತನೊಬ್ಬನ ಆತ್ಮಹತ್ಯೆಗೆ ವಕ್ಫ್ ಭೂವಿವಾದವೇ ಕಾರಣವೆಂಬ ಸುದ್ದಿ ಜಾಲತಾಣಗಳಲ್ಲಿ ಹಬ್ಬಿತು. ಸಂಸದರೊಬ್ಬರೂ ಅದನ್ನು ಹಂಚಿಕೊಂಡರು. ಆ ಸಾವು 2022ರ ಜನವರಿಯದು, ಸಾಲ ಮತ್ತು ಬೆಳೆಹಾನಿಯೇ ಅದಕ್ಕೆ ಕಾರಣ ಎಂದು ಜಿಲ್ಲಾ ಪೊಲೀಸರು ಸ್ಪಷ್ಟಪಡಿಸಿದರು. ಸಂಸದರ ಮೇಲಿನ ಪ್ರಕರಣವನ್ನು ಉಚ್ಚ ನ್ಯಾಯಾಲಯ ಆ ಡಿಸೆಂಬರಿನಲ್ಲಿ ರದ್ದುಪಡಿಸಿತು. ಅಪರಾಧವಾಯಿತೇ ಎಂಬುದು ನ್ಯಾಯಾಲಯದ ಪ್ರಶ್ನೆ; ಸತ್ಯವೇ ಎಂಬುದು ಓದುಗನ ಪ್ರಶ್ನೆ. ಮಡಿದವನ ಸಾಲವನ್ನು ಮರೆತು, ನೆರೆಹೊರೆಯವರು ಪರಸ್ಪರ ಅನುಮಾನಿಸುವಂತಾದರೆ ನಷ್ಟ ಯಾರದು?

ದೋಷವೆಲ್ಲ ಮಾಧ್ಯಮದವರದೆನ್ನುವುದು ಸುಲಭ. ಉರಿಯನ್ನು ಕಣ್ಣು ಮಿಟುಕಿಸದೆ ನೋಡಿ, ಮಾರುಕಟ್ಟೆಯ ವಿವರ ಬಂದೊಡನೆ ವಾಹಿನಿ ಬದಲಿಸುವವರು ನಾವೇ ಅಲ್ಲವೇ? ರಾಣೆಬೆನ್ನೂರಿನ ಚಹಾದಂಗಡಿಯಲ್ಲಿ ಕುಳಿತು ಫೋನಿಗೆ ಬಂದ ಸುದ್ದಿಯನ್ನು ಇನ್ನೊಬ್ಬರಿಗೆ ಕಳುಹಿಸುವ ಮುನ್ನ ಇದು ಎಂದಿನದು, ಹೇಳಿದವರಾರು, ಕಾರಣವೇನು ಎಂಬ ಮೂರು ಪ್ರಶ್ನೆಗಳನ್ನು ಕೇಳಿಕೊಳ್ಳೋಣ. ಉತ್ತರ ದೊರೆಯದಿದ್ದರೆ ಒಂದು ದಿನ ಕಾಯೋಣ. ಆ ಒಂದು ದಿನದ ತಾಳ್ಮೆ ನೆರೆಯವನಿಗೆ ನಾವು ಸಲ್ಲಿಸಬೇಕಾದ ನ್ಯಾಯ.