ಕೊಂಕಣಿಯ ಸ್ಥಾನ: ಒಂದು ವಿಮರ್ಶೆ

ಕಾರವಾರದ ಬೈತಖೋಲ ಬಂದರಿನಲ್ಲಿ ಕೇಳಿಬರುವ ಕೊಂಕಣಿಯು ಮರಾಠಿಯ ಉಪಭಾಷೆಯೆ? ಗ್ರಿಯರ್ಸನ್ನರ ಭಾರತೀಯ ಭಾಷಾ ಸಮೀಕ್ಷೆಯ ಏಳನೆಯ ಸಂಪುಟ (1905) ಹಾಗೆಂದೇ ವಿಂಗಡಿಸಿದೆ. ಆದರೆ ಕೊಂಕಣಿಯು ಮೂಲ ಪ್ರಾಕೃತದಿಂದ ಬಹು ಹಿಂದೆಯೇ ಕವಲೊಡೆಯಿತೆಂದೂ ಅದೇ ಗ್ರಂಥ ಒಪ್ಪುತ್ತದೆ. ಈ ಎರಡು ಮಾತುಗಳಿಗೆ ಹೊಂದಿಕೆಯಿಲ್ಲವೆಂಬುದೇ ನಮ್ಮ ಆಕ್ಷೇಪ. ಒಂದೇ ತಾಯಿಯ ಮಕ್ಕಳು ಸೋದರಿಯರಾಗುವರಲ್ಲದೆ ಒಬ್ಬಳಿಗೊಬ್ಬಳು ಮಗಳಾಗಳು. ‘ನಾನು’ ಎಂಬುದಕ್ಕೆ ಮರಾಠಿಯಲ್ಲಿ ‘ಮೀ’, ಕೊಂಕಣಿಯಲ್ಲಿ ‘ಹಾಂವ್’. ಕುದುರೆಗೆ ಅಲ್ಲಿ ‘ಘೋಡಾ’, ಇಲ್ಲಿ ‘ಘೋಡೊ’.

ಯುರೋಪಿನಲ್ಲೂ ಇಂಥದೇ ನಿದರ್ಶನವಿದೆ. ಗ್ಯಾಲಿಶಿಯನ್ ಮತ್ತು ಪೋರ್ಚುಗೀಸ್ ಭಾಷೆಗಳು ಮಧ್ಯಯುಗದ ಒಂದೇ ನುಡಿಯಿಂದ ಹುಟ್ಟಿದವು. ಆದರೂ ಸ್ಪ್ಯಾನಿಷ್ ಪ್ರಬಲವಾಗಿರುವ ಸ್ಪೇನಿನಲ್ಲಿ, 1981ರ ಸ್ವಾಯತ್ತತಾ ಶಾಸನವು ಗ್ಯಾಲಿಶಿಯನ್ನಿಗೆ ಅಧಿಕೃತ ಸ್ಥಾನವಿತ್ತಿತು.

ಇದು ಬರಿಯ ಪಂಡಿತಚರ್ಚೆಯಲ್ಲ. ಕಾರವಾರವನ್ನು ಮಹಾರಾಷ್ಟ್ರಕ್ಕೆ ಸೇರಿಸಬೇಕೆಂಬ ವಾದವು ಈ ವಿಂಗಡಣೆಯನ್ನೇ ಆಧಾರವಾಗಿ ಹಿಡಿಯಿತು. 1967ರ ಮಹಾಜನ ವರದಿ ಅದನ್ನು ಒಪ್ಪಲಿಲ್ಲ. 1992ರಲ್ಲಿ ಕೊಂಕಣಿಯು ಸಂವಿಧಾನದ ಎಂಟನೆಯ ಅನುಸೂಚಿಗೆ ಸೇರಿತು. ಆದುದರಿಂದ ಗ್ರಿಯರ್ಸನ್ನರು ಕಲೆಹಾಕಿದ ಸಾಮಗ್ರಿಯನ್ನು ನಾವು ಗೌರವದಿಂದ ಬಳಸೋಣ. ಅವರ ತೀರ್ಮಾನವನ್ನು ಮಾತ್ರ ಪಾಠವಾಗಿ ಒಪ್ಪಿಸದಿರೋಣ.