ಅಬೆಲ್ ಗಾನ್ಸನ ಮೂಕಚಿತ್ರಗಳಲ್ಲಿ ವಿಜ್ಞಾನಿಯ ಹೊಣೆ

ಸಕಲೇಶಪುರದ ಬಳಿ, ಗುಡ್ಡದ ನೆತ್ತಿಯಲ್ಲಿ, ಎಂಟು ಮೂಲೆಗಳ ನಕ್ಷತ್ರದಂತೆ ಹರಡಿರುವ ಮಂಜರಾಬಾದ್ ದುರ್ಗವು 18ನೆಯ ಶತಮಾನದ ಕೊನೆಯಲ್ಲಿ ಟಿಪ್ಪು ಸುಲ್ತಾನನು ಕಟ್ಟಿಸಿದುದು. ಅದರ ವಿನ್ಯಾಸವು ಫ್ರಾನ್ಸಿನ ವೊಬಾನನ ದುರ್ಗಶಾಸ್ತ್ರವನ್ನು ಅನುಸರಿಸಿದೆ. ರೇಖಾಗಣಿತವು ಅಲ್ಲಿ ಯುದ್ಧದ ಊಳಿಗಕ್ಕೆ ನಿಂತಿದೆ. ಹೀಗೆ ವಿದ್ಯೆಯನ್ನು ಯುದ್ಧಕ್ಕೆ ಒಪ್ಪಿಸಿದವನ ಹೊಣೆ ಎಷ್ಟರದು? ಈ ಪ್ರಶ್ನೆಯು ಅದೇ ಫ್ರೆಂಚರ ಮೂಕಚಿತ್ರಗಳಲ್ಲಿ ಮೊದಲನೆಯ ಮಹಾಯುದ್ಧದ ನಡುವೆ ತಲೆದೋರಿತು.

1915ರಲ್ಲಿ ಅಬೆಲ್ ಗಾನ್ಸನು ತೆಗೆದ ‘ಡಾಕ್ಟರ್ ತ್ಯೂಬನ ಹುಚ್ಚು’ ಒಂದು ವಿನೋದದ ಕಿರುಚಿತ್ರ. ಬೆಳಕಿನ ಕಿರಣಗಳನ್ನು ಕೆಡಿಸುವ ಪುಡಿಯೊಂದನ್ನು ಕಂಡುಹಿಡಿದ ಪಂಡಿತನು ತನ್ನನ್ನೂ ಸುತ್ತಲಿನವರನ್ನೂ ವಿಕಾರರೂಪಕ್ಕೆ ತಿರುಗಿಸುತ್ತಾನೆ. ವಕ್ರದರ್ಪಣಗಳಿಂದ ಸಾಧಿಸಿದ ಈ ಚಮತ್ಕಾರವು ನಗೆಯಲ್ಲಿಯೇ ಮುಗಿಯುವುದರಿಂದ ಪಂಡಿತನು ಯಾರಿಗೂ ಉತ್ತರ ಹೇಳಬೇಕಾಗಿಲ್ಲ.

ಮರುವರ್ಷದ ‘ಪ್ರಾಣಾಂತಿಕ ವಾಯುಗಳು’ ಹಾಗಲ್ಲ. 1915ರ ಏಪ್ರಿಲ್ 22ರಂದು ಈಪ್ರದ ರಣಭೂಮಿಯಲ್ಲಿ ಜರ್ಮನರು ಕ್ಲೋರಿನ್ ವಾಯುವನ್ನು ಹರಿಯಬಿಟ್ಟಿದ್ದರು. ಪ್ರೇಕ್ಷಕರಿಗೆ ಅದು ಕಟ್ಟುಕಥೆಯಾಗಿರಲಿಲ್ಲ. ಹಾವಿನ ವಿಷವನ್ನು ಕುರಿತು ಸಂಶೋಧನೆ ನಡೆಸುತ್ತಿದ್ದ ವಿಜ್ಞಾನಿ ಹಾಪ್ಸನನು, ಮಗನು ವಿಷವಾಯುವಿಗೆ ಬಲಿಯಾದ ಮೇಲೆ, ತಾನೇ ಅಂಥ ವಾಯುವಿನ ತಯಾರಿಕೆಗೆ ಕೈಹಾಕುತ್ತಾನೆ. ದುಷ್ಟನಲ್ಲದವನನ್ನು ಶೋಕವೇ ಈ ದಾರಿಗೆ ಎಳೆಯಿತೆಂಬುದು ಕಥೆಯ ಸತ್ತ್ವ. ಸದ್ದಿಲ್ಲದೆ ತೆವಳುವ ವಿಷದ ಮೋಡಕ್ಕೆ ಮೂಕಚಿತ್ರವು ತಕ್ಕ ಆಶ್ರಯವೂ ಹೌದು.

ಆದರೆ ಗಾನ್ಸನು ಈ ಸತ್ತ್ವವನ್ನು ಕೊನೆಯವರೆಗೆ ಉಳಿಸಿಕೊಳ್ಳಲಿಲ್ಲ. ಆಸ್ತಿಯ ಆಸೆಯಿಂದ ಬಂಧುಗಳು ಹೂಡುವ ಸಂಚು ನಡುವೆ ಬರುತ್ತದೆ. ಅವರ ದ್ರೋಹದಿಂದ ಕಾರ್ಖಾನೆಯ ವಾಯು ಹೊರಬಿದ್ದು ಊರಿನತ್ತ ಸಾಗುತ್ತದೆ. ನೋಡುವವರ ಕೋಪವೆಲ್ಲ ದ್ರೋಹಿಗಳ ಮೇಲೆ ತಿರುಗಿ, ವಾಯುವನ್ನು ಸಿದ್ಧಪಡಿಸಿದವನು ಊರನ್ನು ಕಾಪಾಡುವವರ ಸಾಲಿಗೆ ಸೇರಿಬಿಡುತ್ತಾನೆ. ಬಂಧುಗಳು ಸಂಚು ಮಾಡದಿದ್ದರೆ ಆ ವಾಯು ಎಲ್ಲಿಗೆ ಹೋಗುತ್ತಿತ್ತು? ರಣರಂಗದಲ್ಲಿ ಇನ್ನೊಬ್ಬನ ಮಗನನ್ನು ಕೊಲ್ಲಲೆಂದಲ್ಲವೆ? ಚಿತ್ರವು ಈ ಪ್ರಶ್ನೆಯ ಬಾಗಿಲವರೆಗೆ ಬಂದು ಹಿಂದಿರುಗುತ್ತದೆ. ಯುದ್ಧಕಾಲದ ಫ್ರಾನ್ಸಿನಲ್ಲಿ ಅದನ್ನು ಕೇಳುವುದು ಸುಲಭವಾಗಿರಲಿಲ್ಲವೆಂಬುದು ನಿಜ. ಆದರೂ ಕೃತಿಯ ಕೊರತೆ ಕೊರತೆಯೇ.

ಯಕ್ಷಗಾನದಲ್ಲಿ ಪರಿಚಿತವಾದ ಭಸ್ಮಾಸುರನ ಕಥೆ ಈ ವಿಷಯದಲ್ಲಿ ಹೆಚ್ಚು ನಿಷ್ಠುರವಾದುದು. ಅಲ್ಲಿ ಉರಿಹಸ್ತದ ಭಯವು ಮೊದಲು ತಟ್ಟುವುದು ವರವಿತ್ತ ಶಿವನಿಗೇ, ಓಡಬೇಕಾದವನೂ ಅವನೇ. ಕೊಟ್ಟವನ ಹೊಣೆಯನ್ನು ಬೇರೊಬ್ಬರ ತಲೆಗೆ ಕಟ್ಟಲು ಆ ಕಥೆ ಎಡೆಗೊಡುವುದಿಲ್ಲ. ಗಾನ್ಸನ ಹಾಪ್ಸನನಲ್ಲಿ ಕಾಣದೆ ಹೋದುದು ಈ ಓಟವೇ.